ರಿಜಿಸ್ಟ್ರಿ ದಿನ ಒಂದು ಮಾತು, ಊಟದ ದಿನ ಇನ್ನೊಂದು: ಬರೆಯುವುದು ಹೇಗೆ?

ಬದಿಯಡ್ಕದವಳು · ಮೇ 6

ನಮಸ್ಕಾರ. ಸ್ವಲ್ಪ ಉದ್ದ ಬರೆಯುತ್ತೇನೆ, ಓದಿ ದಾರಿ ಹೇಳಿ.

ನನ್ನ ಮನೆ ಕೇರಳದ ಕಾಸರಗೋಡು ಜಿಲ್ಲೆಯ ಬದಿಯಡ್ಕದ ಹತ್ತಿರ. ಅವನದು ಕಾಞಂಗಾಡು. ನಮ್ಮಲ್ಲಿ ಕನ್ನಡ, ಅವರಲ್ಲಿ ಮಲಯಾಳಂ. ಜಾತಿಯೂ ಬೇರೆ. ಎರಡು ವರ್ಷ ಮನೆಯವರನ್ನು ಒಪ್ಪಿಸಲು ನೋಡಿದೆವು, ಆಗಲಿಲ್ಲ. ಕಳೆದ ವಾರ ವಿಶೇಷ ವಿವಾಹ ಕಾಯ್ದೆಯಲ್ಲಿ ನೋಟಿಸ್ ಕೊಟ್ಟೆವು. ಜೂನ್‌ನಲ್ಲಿ ರಿಜಿಸ್ಟ್ರಿ. ಅಂದು ನಾವಿಬ್ಬರು, ಮೂವರು ಸಾಕ್ಷಿಗಳು, ಅಷ್ಟೇ.

ಅಪ್ಪ ನನ್ನ ಹತ್ತಿರ ಮಾತು ಬಿಟ್ಟು ನಾಲ್ಕು ತಿಂಗಳಾಯಿತು. ಸೋದರಮಾವನ ಹತ್ತಿರ ಒಂದೇ ಮಾತು ಹೇಳಿ ಕಳುಹಿಸಿದ್ದಾರೆ: “ಮದುವೆಗೆ ಬರುವುದಿಲ್ಲ. ಊಟಕ್ಕೆ ಹೇಳಿದರೆ ಬರುತ್ತೇನೆ.” ಅದೊಂದನ್ನು ಹಿಡಿದುಕೊಂಡು ಮಾವ, ಡಿಸೆಂಬರ್‌ನಲ್ಲಿ ನೀರ್ಚಾಲಿನ ತಮ್ಮ ಮನೆ ಅಂಗಳದಲ್ಲಿ ಊಟ ಇಟ್ಟುಕೊಳ್ಳುವ ಎಂದಿದ್ದಾರೆ.

ಅಪ್ಪನ ಬಗ್ಗೆ ಒಂದು ಹೇಳಬೇಕು. ನಮ್ಮ ಊರಿನಲ್ಲಿ ಯಾರ ಮನೆಯ ಮದುವೆಯ ಆಮಂತ್ರಣ ಕಾಗದವೂ ಅಚ್ಚಿಗೆ ಹೋಗುವ ಮೊದಲು ಅಪ್ಪನ ಕೈಗೆ ಬರುತ್ತದೆ. ಈ ಕಡೆ ಕನ್ನಡದ ಕಾಗದ ತಪ್ಪಿಲ್ಲದೆ ಅಚ್ಚಾಗುವುದು ಎಷ್ಟು ಕಷ್ಟ ಅಂತ ನಿಮಗೆಲ್ಲ ಗೊತ್ತು. ಅಪ್ಪನ ಅಂಗಿ ಕಿಸೆಯಲ್ಲಿ ಯಾವಾಗಲೂ ಒಂದು ಕೆಂಪು ಪೆನ್ನು ಇರುತ್ತದೆ. ಒತ್ತು, ದೀರ್ಘ, ಎಲ್ಲ ನೋಡಿ ಕೊಡುತ್ತಾರೆ. ಅವರ ಮಗಳ ಮದುವೆಗೆ ಕಾಗದವೇ ಇಲ್ಲ.

ರಿಜಿಸ್ಟ್ರಿ ದಿನ ಬರೀ ಸಹಿ ಹಾಕಿ ಬರುವುದು ನಮಗಿಬ್ಬರಿಗೂ ಬೇಡ. ಒಬ್ಬರಿಗೊಬ್ಬರು ನಾಲ್ಕು ಮಾತು ಕೊಡಬೇಕು ಅಂತ ಆಸೆ. ಡಿಸೆಂಬರ್‌ನಲ್ಲೂ ಮನೆಯವರ ಎದುರು ಏನಾದರೂ ಹೇಳಬೇಕು. ಎರಡಕ್ಕೂ ಒಂದೇ ಸಾಕಾ, ಬೇರೆ ಬೇರೆ ಬರೆಯಬೇಕಾ? ಯಾವ ಭಾಷೆ? ಅಪ್ಪ ಅಮ್ಮನಿಗೆ ನೋವಾಗದ ಹಾಗೆ ಹೇಗೆ ಹೇಳುವುದು?

ಉಪ್ಪಳದ ವಕೀಲೆ · ಮೇ 6

ಮೊದಲು ಒಳ್ಳೆಯದಾಗಲಿ.

ಬರೆಯಲು ಕೂರುವ ಮುಂಚೆ ಒಂದು ತಿಳಿದುಕೊಳ್ಳಿ. ನಿಮ್ಮ ಕಾಯ್ದೆಯಲ್ಲೇ ಒಂದು ಮಾತು ಇದೆ. 1954ರ ವಿಶೇಷ ವಿವಾಹ ಕಾಯ್ದೆಯ 12ನೇ ಸೆಕ್ಷನ್ ನೋಡಿ. ಮದುವೆ ಯಾವ ರೀತಿ ಬೇಕಾದರೂ ಮಾಡಿಕೊಳ್ಳಬಹುದು, ಹಾರವೋ ದೀಪವೋ ನಿಮ್ಮ ಇಷ್ಟ. ಆದರೆ ವಿವಾಹಾಧಿಕಾರಿ ಮತ್ತು ಮೂವರು ಸಾಕ್ಷಿಗಳ ಎದುರು ಇಬ್ಬರೂ ಒಬ್ಬರಿಗೊಬ್ಬರು “ನಾನು ನಿನ್ನನ್ನು ನನ್ನ ಕಾನೂನುಬದ್ಧ ಹೆಂಡತಿಯಾಗಿ, ಗಂಡನಾಗಿ ಸ್ವೀಕರಿಸುತ್ತೇನೆ” ಎಂಬ ಅರ್ಥದ ಮಾತು ಹೇಳದೆ ಮದುವೆ ಪೂರ್ತಿಯಾಗುವುದಿಲ್ಲ. ಬರೀ ಸಹಿ ಸಾಕು ಅಂತ ಜಾಸ್ತಿ ಜನ ತಿಳಿದಿದ್ದಾರೆ. ಕಾನೂನು ಬಾಯಿಮಾತು ಕೇಳುತ್ತದೆ.

ಇಬ್ಬರಿಗೂ ಅರ್ಥವಾಗುವ ಯಾವುದೇ ಭಾಷೆಯಲ್ಲಿ ಹೇಳಬಹುದು ಅಂತ ಅದೇ ಸೆಕ್ಷನ್‌ನಲ್ಲಿದೆ. ಕನ್ನಡದಲ್ಲಿ ಧೈರ್ಯವಾಗಿ ಹೇಳಿ. ಯಾರಾದರೂ ಬೇಡ ಎಂದರೆ ಆ ಸಾಲು ತೋರಿಸಿ.

ಇನ್ನು ದಿನದ ಲೆಕ್ಕ. ನೋಟಿಸ್ ಹಾಕಿದ ಮೇಲೆ 30 ದಿನ ಆಕ್ಷೇಪಕ್ಕೆ. ನೋಟಿಸ್ ಕೊಟ್ಟು ಮೂರು ತಿಂಗಳೊಳಗೆ ಮದುವೆ ಆಗದಿದ್ದರೆ ಮತ್ತೆ ಹೊಸ ನೋಟಿಸ್. ಜೂನ್ ಸರಿಯಾಗಿದೆ, ಮುಂದೆ ಹಾಕಬೇಡಿ. ನೋಟಿಸ್ ಕಚೇರಿಯ ಬೋರ್ಡಿನಲ್ಲಿ ಇರುತ್ತದೆ. ಜಾಲತಾಣಕ್ಕೆ ಹಾಕುವುದನ್ನು ಕೇರಳದಲ್ಲಿ 2020ರಲ್ಲಿ ನಿಲ್ಲಿಸಿದರು, ಅದೊಂದು ನೆಮ್ಮದಿ. ಯಾರಾದರೂ ಹೆದರಿಸಿದರೆ ಸುಮ್ಮನಿರಬೇಡಿ, ಪೊಲೀಸರಿಗೆ ಬರೆದು ಕೊಡಿ. ಪ್ರಾಯಕ್ಕೆ ಬಂದ ಇಬ್ಬರ ಮದುವೆಗೆ ಅಡ್ಡ ಬರುವ ಹಕ್ಕು ಯಾರಿಗೂ ಇಲ್ಲ ಅಂತ ಸುಪ್ರೀಂ ಕೋರ್ಟ್ 2018ರಲ್ಲಿ ಸ್ಪಷ್ಟವಾಗಿ ಹೇಳಿದೆ.

ನಮ್ಮೂರ ದಾರಿ · ಮೇ 6

ಮನಸ್ಸಿಗೆ ತೋರಿದ್ದನ್ನು ಹೇಳುತ್ತೇನೆ. ಈ ಪ್ರತಿಜ್ಞೆ ಓದುವುದೆಲ್ಲ ಸಿನಿಮಾದಿಂದ ಬಂದದ್ದು. ನಮ್ಮಲ್ಲಿ ಮದುವೆಯಲ್ಲಿ ಗಂಡು ಹೆಣ್ಣು ಮಾತಾಡುವ ಪದ್ಧತಿ ಎಲ್ಲಿದೆ? ಧಾರೆ ಎರೆದರೆ ಮುಗಿಯಿತು.

ಪೈವಳಿಕೆ ಮಾಷ್ಟ್ರು · ಮೇ 7

ಇದೆಯಲ್ಲ. ಸಪ್ತಪದಿ ಅಂದರೆ ಏನು? ಏಳು ಹೆಜ್ಜೆ, ಏಳು ಮಾತು. ಅನ್ನಕ್ಕೆ ಒಂದು, ಬಲಕ್ಕೆ ಒಂದು, ಹೀಗೆ ಹೋಗಿ ಏಳನೆಯದು ಸಖ್ಯಕ್ಕೆ. ಏಳನೇ ಹೆಜ್ಜೆಯಲ್ಲಿ ಸ್ನೇಹಿತಳಾಗು ಎನ್ನುತ್ತಾನೆ. ಎಂಥ ಚಂದದ ಮಾತು ಅದು. ಆದರೆ ಪುರೋಹಿತರು ಹೇಳಿಕೊಡುತ್ತಾರೆ, ನಾವು ಹೂಂ ಎನ್ನುತ್ತೇವೆ.

ಇನ್ನೊಂದು ಗಮನಿಸಿ. “ನಾತಿಚರಾಮಿ” ಎಲ್ಲರಿಗೂ ಗೊತ್ತು. ಧರ್ಮ, ಅರ್ಥ, ಕಾಮದಲ್ಲಿ ಇವಳನ್ನು ಮೀರಿ ನಡೆಯುವುದಿಲ್ಲ ಅಂತ. ಅದನ್ನು ಗಂಡು ಯಾರಿಗೆ ಹೇಳುತ್ತಾನೆ? ಹೆಣ್ಣಿನ ಅಪ್ಪನಿಗೆ. ಕನ್ಯಾದಾನದ ಹೊತ್ತಿಗೆ ಅಪ್ಪ ಕೇಳುತ್ತಾನೆ, ಅಳಿಯ ಮಾತು ಕೊಡುತ್ತಾನೆ. ವಕೀಲರು ಹೇಳಿದ ಕಾನೂನಿನ ಸಾಲು ಹಾಗಲ್ಲ, ಅದು ನೇರವಾಗಿ ಒಬ್ಬರಿಂದ ಇನ್ನೊಬ್ಬರಿಗೆ.

ತಂಗೀ, ನಿನ್ನ ಪ್ರಶ್ನೆಗೆ ಉತ್ತರ ಇಲ್ಲೇ ಇದೆ ಅಂತ ನನಗೆ ಕಾಣುತ್ತದೆ. ಪ್ರತಿ ಸಾಲು ಬರೆದಾಗಲೂ ಕೇಳಿಕೋ, ಇದನ್ನು ನಾನು ಯಾರಿಗೆ ಹೇಳುತ್ತಿದ್ದೇನೆ? ಜೂನ್‌ನದು ಅವನಿಗೆ. ಡಿಸೆಂಬರ್‌ನದರಲ್ಲಿ ಅಂಗಳದಲ್ಲಿ ಕೂತವರಿಗೂ ಪಾಲು ಇರಬೇಕು. ಒಂದೇ ಕಾಗದ ಎರಡು ಸಲ ಓದಿದರೆ ಎರಡನೇ ಸಲ ಅದು ನಾಟಕದ ಮಾತಾಗುತ್ತದೆ.

ನಾವು ಕನ್ನಡಿಗರಿಗೆ ಇದು ಹೊಸತೂ ಅಲ್ಲ. ಕುವೆಂಪು ಅವರ ಮಂತ್ರ ಮಾಂಗಲ್ಯದಲ್ಲಿ ಮಾಡಿದ್ದು ಇದನ್ನೇ ಅಲ್ವಾ? ಪುರೋಹಿತರಿಲ್ಲ, ವರದಕ್ಷಿಣೆ ಇಲ್ಲ, ಆಡಂಬರ ಇಲ್ಲ. ಅರ್ಥವಾಗುವ ಮಾತಿನಲ್ಲಿ ಇಬ್ಬರೂ ಪ್ರಮಾಣ ಮಾಡುತ್ತಾರೆ.

ಹೊಸೂರಿನ ಅಕ್ಕ · ಮೇ 7

ನಾನು ಗಡಿಯ ಈ ತುದಿಯಿಂದ, ಹೊಸೂರು. ನಮ್ಮದು ಸ್ವಾಭಿಮಾನದ ಮದುವೆ. ತಮಿಳುನಾಡಿನಲ್ಲಿ ಹಿಂದೂ ವಿವಾಹ ಕಾಯ್ದೆಗೆ 7ಎ ಅಂತ ಒಂದು ಸೆಕ್ಷನ್ ಸೇರಿಸಿದ್ದಾರೆ, 1968ರಿಂದ ಇದೆ. ಸಂಬಂಧಿಕರ ಅಥವಾ ಸ್ನೇಹಿತರ ಎದುರು, ಇಬ್ಬರಿಗೂ ಅರ್ಥವಾಗುವ ಭಾಷೆಯಲ್ಲಿ ಇವಳು ನನ್ನ ಹೆಂಡತಿ, ಇವನು ನನ್ನ ಗಂಡ ಎಂದರೂ ಮದುವೆ. ಹಾರ ಹಾಕಿಕೊಂಡರೂ ಮದುವೆ, ಉಂಗುರ ಹಾಕಿದರೂ, ತಾಳಿ ಕಟ್ಟಿದರೂ.

ನಾನು ಕನ್ನಡದಲ್ಲಿ ಹೇಳಿದೆ, ಅವರು ತಮಿಳಿನಲ್ಲಿ. ಒಂದು ಕೊರಗು ಈಗಲೂ ಇದೆ. ಅತ್ತೆಗೆ ನಾನು ಹೇಳಿದ್ದು ಒಂದಕ್ಷರ ಅರ್ಥವಾಗಲಿಲ್ಲ. ನನ್ನ ಅಮ್ಮನಿಗೆ ಅವರು ಹೇಳಿದ್ದೂ ಅಷ್ಟೇ. ಇಬ್ಬರೂ ಸುಮ್ನೆ ಕಣ್ಣು ಒರೆಸಿಕೊಂಡರು. ಯಾರಾದರೂ ನಡುವೆ ನಿಂತು ಎರಡು ಸಾಲಲ್ಲಿ ಅರ್ಥ ಹೇಳಿದ್ದರೆ ಎಷ್ಟು ಚೆನ್ನಾಗಿತ್ತು. ನೀವು ಮರೆಯಬೇಡಿ.

ಬದಿಯಡ್ಕದವಳು · ಮೇ 19

ಎಲ್ಲರಿಗೂ ಧನ್ಯವಾದ. ಬೇರೆ ಬೇರೆ ಬರೆಯುವುದು ಅಂತ ತೀರ್ಮಾನಿಸಿದೆವು. ಇದು ಜೂನ್‌ಗೆ ನನ್ನ ಮೊದಲ ಪ್ರಯತ್ನ. ಮುಲಾಜಿಲ್ಲದೆ ಹೇಳಿ.

“ನಿನ್ನ ಬಾಳಿನ ಬೆಳಕಾಗಿ, ನೆರಳಾಗಿ, ಉಸಿರಾಗಿ ಏಳೇಳು ಜನ್ಮಕ್ಕೂ ಇರುತ್ತೇನೆ. ನಿನ್ನ ಸುಖ ನನ್ನ ಸುಖ, ನಿನ್ನ ದುಃಖ ನನ್ನ ದುಃಖ. ನಿನ್ನ ಕೈ ಎಂದೆಂದಿಗೂ ಬಿಡುವುದಿಲ್ಲ.”

ಪೈವಳಿಕೆ ಮಾಷ್ಟ್ರು · ಮೇ 19

ಇದರಲ್ಲಿ ನೀನು ಎಲ್ಲಿದ್ದೀ? ಅವನು ಎಲ್ಲಿದ್ದಾನೆ? ಇದನ್ನು ಯಾರು ಯಾರಿಗೆ ಬೇಕಾದರೂ ಹೇಳಬಹುದು. ಇನ್ನೂ ಒಂದು. ಬೆಳಕು, ನೆರಳು, ಉಸಿರು ಮೂರೂ ಒಟ್ಟಿಗೆ ಆಗಲು ಯಾರಿಂದ ಆಗುತ್ತದೆ? ನಾಳೆ ಬೆಳಿಗ್ಗೆ ಎದ್ದು ಮಾಡಲು ಆಗುವಂಥದ್ದನ್ನು ಬರೆ.

ಅಕ್ಕಲಕೋಟೆ · ಮೇ 20

ಮಾಷ್ಟ್ರ ಮಾತಿಗೆ ನನ್ನದೊಂದು ಸೇರಿಸುತ್ತೇನೆ. ನಾವು ಸೊಲ್ಲಾಪುರ ಜಿಲ್ಲೆಯ ಕನ್ನಡಿಗರು. ನಮ್ಮ ಮದುವೆಯಲ್ಲಿ ನಾನು ವಚನ ಹೇಳಿದೆ. ಶರಣರ ನಾಡಿನವರು, ಅದಕ್ಕಿಂತ ದೊಡ್ಡ ಮಾತು ಎಲ್ಲಿಂದ ತರುವುದು ಅಂತ. ಜನ ಚಪ್ಪಾಳೆ ಹೊಡೆದರು. ರಾತ್ರಿ ಹೆಂಡತಿ ಕೇಳಿದಳು, “ಅದು ಬಸವಣ್ಣನವರು ಹೇಳಿದ್ದು. ನೀವೇನು ಹೇಳಿದಿರಿ?” ಉತ್ತರ ಇರಲಿಲ್ಲ. ಮರುದಿನ ಕೂತು ಬರೆದು ಕೊಟ್ಟೆ, ಬೀರುವಿನಲ್ಲಿ ಇಟ್ಟಿದ್ದಾಳೆ.

ಹರಳಯ್ಯನವರ ಮಗ, ಮಧುವರಸರ ಮಗಳ ಮದುವೆಗೆ ಕಲ್ಯಾಣದಲ್ಲಿ ಎರಡೂ ಮನೆಯ ಅಪ್ಪಂದಿರು ಜೀವ ಕೊಟ್ಟರು ಅಂತ ನಮ್ಮಲ್ಲಿ ಹೇಳುತ್ತಾರೆ. ಜಾತಿ ಮೀರಿದ ಮದುವೆಗೆ ಅಷ್ಟು ದೊಡ್ಡ ಹಿನ್ನೆಲೆ ಇದೆ, ತಂಗಿ. ತಲೆ ತಗ್ಗಿಸಿ ನಿಲ್ಲಬೇಡ.

ಬೇಳದವ · ಮೇ 20

ಸ್ವಲ್ಪ ಬೇರೆ ಅಭಿಪ್ರಾಯ. ನಾವು ಕೊಂಕಣಿ ಕ್ರೈಸ್ತರು. ನಮ್ಮ ಇಗರ್ಜಿಯಲ್ಲಿ ಇಬ್ಬರೂ ಒಬ್ಬರಿಗೊಬ್ಬರು ಮಾತು ಕೊಡುತ್ತೇವೆ, ಸುಖದಲ್ಲೂ ದುಃಖದಲ್ಲೂ, ಕಾಯಿಲೆಯಲ್ಲೂ ಆರೋಗ್ಯದಲ್ಲೂ ಅಂತ. ಅದು ನಾವು ಬರೆದದ್ದಲ್ಲ. ನನ್ನ ಅಜ್ಜ ಅಜ್ಜಿಯೂ ಅದನ್ನೇ ಹೇಳಿದ್ದು. ಆ ದಿನ ನನ್ನ ಕಾಲು ನಡುಗುತ್ತಿತ್ತು. ಸ್ವಂತ ಮಾತಾಗಿದ್ದರೆ ಮರೆತೇ ಹೋಗುತ್ತಿತ್ತು. ಎಲ್ಲರೂ ಹೇಳಿದ ಮಾತು ಕೈಹಿಡಿದು ದಾಟಿಸುತ್ತದೆ. ಹಾಗಾಗಿ ಪೂರ್ತಿ ಹೊಸತೇ ಬೇಕು ಅಂತ ಹಟ ಬೇಡ. ಹಳೆಯ ಸಾಲು ಒಂದು ಇರಲಿ, ಅದರ ಸುತ್ತ ನಿಮ್ಮದು ನಾಲ್ಕು ಇರಲಿ.

ಉಪ್ಪಳದ ವಕೀಲೆ · ಮೇ 20

ಬೇಳದವರು ಹೇಳಿದ ಹಳೆಯ ಸಾಲು ನಿಮಗೆ ಕಾಯ್ದೆಯೇ ಕೊಟ್ಟಿದೆ. ಅದರ ಪದ ಬದಲಿಸಬೇಡಿ. ಚಂದ ಮಾಡಲು ಹೋಗಬೇಡಿ. ಅದನ್ನು ಅಧಿಕಾರಿಯ ಎದುರು ನೇರವಾಗಿ ಹೇಳಿ, ನಿಮ್ಮದು ಆಮೇಲೆ.

ಬದಿಯಡ್ಕದವಳು · ಮೇ 31

ಮತ್ತೆ ಬರೆದೆ. ಅವನು ಮಂಗಳೂರಿನಲ್ಲಿ ನರ್ಸ್, ರಾತ್ರಿ ಪಾಳಿ ಜಾಸ್ತಿ. ಅದು ಗೊತ್ತಿದ್ದರೆ ಇದು ಅರ್ಥವಾಗುತ್ತದೆ.

“ನೀನು ರಾತ್ರಿ ಪಾಳಿ ಮುಗಿಸಿ ಬಂದು ಮಲಗಿದ ಬೆಳಿಗ್ಗೆ ನಾನು ಮಿಕ್ಸಿ ಹಾಕುವುದಿಲ್ಲ. ಚಟ್ನಿ ಹಿಂದಿನ ದಿನವೇ ಅರೆದಿಡುತ್ತೇನೆ.

ನಿನ್ನ ಅಮ್ಮ ಮಾತಾಡಿದ್ದು ಅರ್ಥವಾಗದಿದ್ದರೆ ನಕ್ಕು ತಲೆ ಆಡಿಸುವುದಿಲ್ಲ. ಏನಂದಿರಿ ಅಂತ ಕೇಳುತ್ತೇನೆ.

ಸಿಟ್ಟು ಬಂದಾಗ ನಾನು ಮಾತು ಬಿಡುವವಳು. ಅದು ನನಗೆ ಅಪ್ಪನಿಂದ ಬಂದದ್ದು. ಒಂದು ರಾತ್ರಿಗಿಂತ ಜಾಸ್ತಿ ಬಿಡುವುದಿಲ್ಲ.

ನನ್ನ ಮನೆಯವರು ಬಂದರೂ ಬಾರದಿದ್ದರೂ ಅದರ ಲೆಕ್ಕ ನಿನ್ನ ತಲೆಗೆ ಕಟ್ಟುವುದಿಲ್ಲ.”

ಹೊಸೂರಿನ ಅಕ್ಕ · ಮೇ 31

ಕೊನೆಯ ಸಾಲು ಓದಿ ಎದ್ದು ಹೋಗಿ ನೀರು ಕುಡಿದು ಬಂದೆ.

ಪೈವಳಿಕೆ ಮಾಷ್ಟ್ರು · ಮೇ 31

ಒಂದಕ್ಷರ ಮುಟ್ಟಬೇಡ.

ಆದರೆ ಇದು ಕಚೇರಿಗೆ ಮಾತ್ರ. ಅಪ್ಪನ ವಿಷಯದ ಎರಡು ಸಾಲು ಅಂಗಳಕ್ಕೆ ಬೇಡ. ಅದು ನಿಮ್ಮಿಬ್ಬರ ನಡುವೆ ಇರಬೇಕಾದ್ದು. ಅವನೂ ಅವನದನ್ನು ಬರೆಯಲಿ, ನೀನು ನೋಡಬೇಡ. ಎಷ್ಟು ಉದ್ದ ಅಂತ ಮಾತ್ರ ಮಾತಾಡಿಕೊಳ್ಳಿ. ಒಬ್ಬರದು ನಾಲ್ಕು ಸಾಲು, ಇನ್ನೊಬ್ಬರದು ನಾಲ್ಕು ಪುಟ ಆದರೆ ನಾಲ್ಕು ಸಾಲಿನವರಿಗೆ ಕಷ್ಟ.

ಬೇಳದವ · ಜೂನ್ 1

ಮೊಬೈಲ್ ನೋಡಿ ಓದಬೇಡಿ. ಕೈಯಲ್ಲಿ ಬರೆದುಕೊಳ್ಳಿ, ದೊಡ್ಡ ಅಕ್ಷರ, ದಪ್ಪ ಕಾಗದ. ಜೂನ್ ಮಳೆ, ಪ್ಲಾಸ್ಟಿಕ್ ಕವರಿನಲ್ಲಿ ಹಾಕಿ. ಇನ್ನೊಂದು ಪ್ರತಿ ಸಾಕ್ಷಿಯವರ ಹತ್ತಿರ ಇರಲಿ. ಜೋರಾಗಿ ಓದಿ ನೋಡಿ. ಬರೆಯುವಾಗ ಸರಿ ಕಂಡದ್ದು ಬಾಯಲ್ಲಿ ತಡೆಯುತ್ತದೆ.

ಬದಿಯಡ್ಕದವಳು · ಜೂನ್ 14

ಆಯಿತು. ನಿನ್ನೆ.

ಆ “ನಿನ್ನೆ”ಯಿಂದಲೇ ಶುರು ಮಾಡುತ್ತೇನೆ. ನಾವೊಂದು ಯೋಚನೆ ಮಾಡಿದ್ದೆವು. ಕಾನೂನಿನ ಸಾಲನ್ನು ನಾನು ಅವನ ಭಾಷೆಯಲ್ಲಿ ಹೇಳುವುದು, ಅವನು ನನ್ನ ಭಾಷೆಯಲ್ಲಿ. ಹೇಗೂ ಇಬ್ಬರಿಗೂ ಎರಡೂ ಅರ್ಥವಾಗುತ್ತದೆ. ನನ್ನ ಸಾಲು ಹೀಗಿತ್ತು: “ಞಾನ್ ನಿನ್ನೆ ಎಂಡೆ ನಿಯಮಾನುಸೃತ ಭರ್ತಾವಾಯಿ ಸ್ವೀಕರಿಕ್ಕುನ್ನು.” ಅವರ “ನಿನ್ನೆ” ಅಂದರೆ ನಮ್ಮ “ನಿನ್ನನ್ನು”. ಒಂದು ವಾರ ಅಭ್ಯಾಸ ಮಾಡಿದರೂ ಆ ಪದ ಬಂದಾಗಲೆಲ್ಲ ನನ್ನ ಕಿವಿಗೆ ಕನ್ನಡದ ನಿನ್ನೆಯೇ ಕೇಳುತ್ತಿತ್ತು. ನಿನ್ನೆಯೇ ಸ್ವೀಕರಿಸಿದ್ದೇನೆ ಎಂದ ಹಾಗೆ. ಅದೂ ಸುಳ್ಳಲ್ಲ.

ಕಚೇರಿಯಲ್ಲಿ ಒಬ್ಬರು, ಎಲ್ಲ ಮಲಯಾಳದಲ್ಲೇ ಹೇಳಿ, ಕನ್ನಡ ಯಾಕೆ ಎಂದರು. ನನಗೆ ಗಂಟಲು ಕಟ್ಟಿತು. ಇದು ಕಾಸರಗೋಡು ತಾನೇ? ಅಜ್ಜ ಹೇಳುತ್ತಿದ್ದರು, 1956ರಲ್ಲಿ ನಾವು ಎಲ್ಲೂ ಹೋಗಲಿಲ್ಲ, ಗಡಿಯೇ ನಮ್ಮನ್ನು ದಾಟಿ ಹೋಯಿತು ಅಂತ. ನಾನು ಏನೂ ಹೇಳುವ ಮೊದಲೇ ಅವನು ವಕೀಲರು ಹೇಳಿದ್ದ ಸಾಲಿನ ಪ್ರಿಂಟ್ ತೆಗೆದು ಮೇಜಿನ ಮೇಲೆ ಇಟ್ಟ. ಅಧಿಕಾರಿ ಓದಿದರು, “ಶರಿ” ಎಂದರು. ಕಾಞಂಗಾಡಿನ ಹುಡುಗ ನನ್ನ ಭಾಷೆಗೆ ನಿಂತದ್ದು ನನಗೆ ಅವನ ಯಾವ ಮಾತಿಗಿಂತಲೂ ದೊಡ್ಡದು.

ಕನ್ನಡದ ಸಾಲು ಹೇಳುವಾಗ ಅವನಿಗೆ “ಸ್ವೀಕರಿಸುತ್ತೇನೆ” ಬರಲಿಲ್ಲ, “ಸ್ವೀಕರಿಸುತ್ತಾ ಇದ್ದೇನೆ” ಎಂದ. ಯಾರೂ ತಿದ್ದಲಿಲ್ಲ. ಆಮೇಲೆ ಸಹಿ, ಸಾಕ್ಷಿಗಳ ಸಹಿ, ಸರ್ಟಿಫಿಕೇಟ್. ಎಲ್ಲ ಸೇರಿ ಅರ್ಧ ಗಂಟೆ.

ನಮ್ಮ ಸ್ವಂತ ಮಾತು ಹೊರಗೆ ಜಗಲಿಯಲ್ಲಿ ಹೇಳಿಕೊಂಡೆವು. ಮಳೆ ಜೋರಾಗಿತ್ತು, ಹಂಚಿನಿಂದ ನೀರು ಸುರಿಯುತ್ತಿತ್ತು. ಅವನ ಕಿವಿಯ ಹತ್ತಿರ ಹೋಗಿ ಓದಬೇಕಾಯಿತು. ಮಿಕ್ಸಿಯ ಸಾಲಿಗೆ ನಕ್ಕ, ಕೊನೆಯ ಸಾಲಿಗೆ ಅತ್ತ. ಅವನು ಬರೆದದ್ದು ಇಲ್ಲಿ ಹಾಕುವುದಿಲ್ಲ, ಅದು ನನ್ನದು.

ಉಪ್ಪಳದ ವಕೀಲೆ · ಜೂನ್ 14

ಕಣ್ಣು ತುಂಬಿತು. ಸರ್ಟಿಫಿಕೇಟಿನ ನಕಲು ಮೂರು ನಾಲ್ಕು ತೆಗೆದಿಡಿ.

ಇದನ್ನು ಓದುವ ಬೇರೆಯವರಿಗೂ ಒಂದು ಮಾತು. ವಿಶೇಷ ವಿವಾಹ ಕಾಯ್ದೆಯಲ್ಲಿ ಅಧಿಕಾರಿಯ ಎದುರೇ ಮದುವೆ ಆಗುತ್ತದೆ. ಹಿಂದೂ ವಿವಾಹ ಕಾಯ್ದೆಯಲ್ಲಿ ಹಾಗಲ್ಲ. ಅಲ್ಲಿ ಮೊದಲು ಪದ್ಧತಿ ಪ್ರಕಾರ ಮದುವೆ ಆಗಿರಬೇಕು, ನೋಂದಣಿ ಆಮೇಲೆ. ಶಾಸ್ತ್ರವೇ ಆಗದೆ ಬರೀ ನೋಂದಣಿ ಪತ್ರ ಇದ್ದರೆ ಮದುವೆ ಆಗುವುದಿಲ್ಲ ಅಂತ 2024ರಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಎರಡನ್ನೂ ರಿಜಿಸ್ಟ್ರಿ ಮದುವೆ ಎಂದೇ ಕರೆಯುವುದರಿಂದ ಗೊಂದಲ.

ಬದಿಯಡ್ಕದವಳು · ನವೆಂಬರ್ 9

ಡಿಸೆಂಬರ್ ಹತ್ತಿರ ಬಂತು. ಅಪ್ಪ ಇನ್ನೂ ಮಾತಾಡಿಲ್ಲ. ಅಮ್ಮ ಫೋನ್ ಮಾಡುತ್ತಾರೆ. ಊರಿನಲ್ಲಿ “ಓಡಿಹೋದವಳು” ಅಂತ ಹೇಳುತ್ತಾರಂತೆ. ಅವನ ಊರಿನಲ್ಲಿ “ಒಳಿಚ್ಚೋಟ್ಟಂ”. ಬದಿಯಡ್ಕದಿಂದ ಬಸ್ಸು ಹತ್ತಿ ಹಗಲಿನಲ್ಲಿ ಕಚೇರಿಗೆ ಹೋದವಳು ನಾನು. ಆ ಪದ ಕೇಳಿದರೆ ಸಂಕಟ ಆಗುತ್ತದೆ.

ಅಂಗಳದಲ್ಲಿ ಓದಲು ಬರೆದದ್ದರ ಶುರು ಹೀಗಿದೆ: “ಇಲ್ಲಿ ಸೇರಿರುವ ಎಲ್ಲರಲ್ಲೂ, ಮುಖ್ಯವಾಗಿ ನನ್ನ ಅಪ್ಪ ಅಮ್ಮನಲ್ಲಿ ಕ್ಷಮೆ ಕೇಳುತ್ತೇನೆ. ನಿಮ್ಮ ಒಪ್ಪಿಗೆ ಇಲ್ಲದೆ ಮದುವೆಯಾದದ್ದು ನನ್ನ ತಪ್ಪು.”

ಪೆರ್ಲದ ಒಬ್ಬ ಅಪ್ಪ · ನವೆಂಬರ್ 9

ಇಲ್ಲಿ ಬರೆಯುವವನಲ್ಲ ನಾನು, ಓದುವವನು. ಇವತ್ತು ಬರೆಯಲೇ ಬೇಕಾಯಿತು.

ನನ್ನ ಮಗಳೂ ಹೀಗೆಯೇ ಮದುವೆಯಾದಳು. ಆಮೇಲೆ ನಾವೇ ಊಟ ಇಟ್ಟುಕೊಂಡೆವು. ಅವಳು ಮೈಕ್ ಹಿಡಿದು ಕ್ಷಮಿಸಿ ಎಂದಳು. ಮುನ್ನೂರು ಜನ ಇದ್ದರು. ನನಗೆ ಅವಳ ಮುಖ ನೋಡಲು ಆಗಲಿಲ್ಲ, ಅಳಿಯನ ಮುಖ ನೋಡಿದೆ. ಅವನು ನೆಲ ನೋಡುತ್ತಿದ್ದ. ಮದುವೆ ತಪ್ಪು ಎಂದರೆ ಅವನೇ ಆ ತಪ್ಪು ಅಂತ ಆಯಿತಲ್ಲ. ಅವನ ತಾಯಿ ತಂದೆ ಮುಂದಿನ ಸಾಲಿನಲ್ಲಿ ಕೂತಿದ್ದರು. ನಾನು ವರ್ಷವಿಡೀ ಹೇಳಿದ ಯಾವ ಕಠಿಣ ಮಾತಿಗಿಂತಲೂ ಅದು ಅವನಿಗೆ ಜಾಸ್ತಿ ತಾಗಿತು. ಈಗಲೂ ನಮ್ಮ ಮನೆಗೆ ಬಂದರೆ ಅವನು ಜಗಲಿಯ ತುದಿಯಲ್ಲಿ ಕೂರುತ್ತಾನೆ.

ಮಗಳೇ, ಕ್ಷಮೆ ಕೇಳುವುದಿದ್ದರೆ ಅಪ್ಪನ ಹತ್ತಿರ ಒಬ್ಬಳೇ ಹೋಗಿ ಕೇಳು. ಅದೂ ಮದುವೆಯಾದದ್ದಕ್ಕಲ್ಲ, ಅವರಿಗೆ ನೋವಾದದ್ದಕ್ಕೆ. ಸಭೆಯಲ್ಲಿ ಬೇಡ.

ಮತ್ತೊಂದು. ಓದುವ ಮೊದಲು ಆ ಕಾಗದ ಅಪ್ಪನಿಗೆ ತಲುಪಿಸು. ಸಭೆಯಲ್ಲಿ ಎಂತ ಹೇಳುತ್ತಾಳೋ ಅಂತ ಎದೆ ಹೊಡೆದುಕೊಳ್ಳುವುದು ನಮಗೆ ಮಾತ್ರ ಗೊತ್ತು. ಮೊದಲೇ ಓದಿದ್ದರೆ ಧೈರ್ಯದಿಂದ ಕೂರಬಹುದು.

ಪೈವಳಿಕೆ ಮಾಷ್ಟ್ರು · ನವೆಂಬರ್ 10

ಪೆರ್ಲದ ಅಪ್ಪನವರಿಗೆ ಕೈಮುಗಿಯುತ್ತೇನೆ. ಇಷ್ಟು ದಿನದಲ್ಲಿ ಇಲ್ಲಿ ಬಂದ ಮಾತುಗಳಲ್ಲಿ ಇದಕ್ಕೆ ಬೆಲೆ ಕಟ್ಟಲು ಆಗುವುದಿಲ್ಲ.

ತಂಗೀ, ವ್ಯಾಕರಣದ ಮಾಷ್ಟ್ರಾಗಿ ಒಂದು ಹೇಳುತ್ತೇನೆ. ಜೂನ್‌ನ ನಿನ್ನ ಕಾಗದವೆಲ್ಲ ಭವಿಷ್ಯತ್ ಕಾಲ. ಹಾಕುವುದಿಲ್ಲ, ಕೇಳುತ್ತೇನೆ, ಬಿಡುವುದಿಲ್ಲ. ಅದು ಸರಿ. ಡಿಸೆಂಬರ್‌ಗೆ ಆರು ತಿಂಗಳು ಸಂಸಾರ ಮಾಡಿರುತ್ತೀ. ಈಗ ಇನ್ನೊಮ್ಮೆ ಮದುವೆಯಾಗುವವಳ ಹಾಗೆ ಮಾತಾಡಬೇಡ. ಕೊಟ್ಟ ಮಾತಿನಲ್ಲಿ ಯಾವುದು ನಡೆಯುತ್ತಿದೆ ಅಂತ ಹೇಳು. ಅಂಗಳದಲ್ಲಿ ಕೂತವರಿಗೆ ಬೇಕಾದ್ದು ಅದು. ಹುಡುಗಿ ಹೇಗಿದ್ದಾಳೆ, ಹೊಟ್ಟೆ ತುಂಬ ಉಣ್ಣುತ್ತಾಳಾ, ಅವರು ಚೆನ್ನಾಗಿ ನೋಡಿಕೊಳ್ಳುತ್ತಾರಾ.

ಹೊಸೂರಿನ ಅಕ್ಕ · ನವೆಂಬರ್ 10

ಅವನ ಅಮ್ಮನಿಗೆ ಅರ್ಥವಾಗುವ ಮಾತೂ ಇರಲಿ, ಮರೆಯಬೇಡ. ಹಾಂ, ಮಕ್ಕಳ ವಿಷಯ, ಸಾಲದ ವಿಷಯ ಮೈಕಿನಲ್ಲಿ ಬೇಡ. ಆಮೇಲೆ ವರ್ಷ ವರ್ಷ ಅದನ್ನೇ ಕೇಳುತ್ತಾರೆ.

ಅಕ್ಕಲಕೋಟೆ · ನವೆಂಬರ್ 10

ಎರಡು ನಿಮಿಷಕ್ಕಿಂತ ಉದ್ದ ಬೇಡ. ಹಸಿದವರ ಎದುರು ನಿಂತಿರುತ್ತೀರಿ.

ಬದಿಯಡ್ಕದವಳು · ನವೆಂಬರ್ 23

ಪೂರ್ತಿ ತೆಗೆದು ಹೊಸದಾಗಿ ಬರೆದೆ. ಅಂಗಳಕ್ಕೆ ಇದು:

“ಜೂನ್‌ನಲ್ಲಿ ನಾವು ಮದುವೆಯಾದೆವು. ಅಂದು ಮೂವರು ಸಾಕ್ಷಿಗಳಿದ್ದರು. ಇಂದು ನೀವೆಲ್ಲ ಇದ್ದೀರಿ.

ಅಂದು ಇವನಿಗೆ ಕೆಲವು ಮಾತು ಕೊಟ್ಟಿದ್ದೆ. ಇವನು ಮಲಗಿದ ಬೆಳಿಗ್ಗೆ ಮಿಕ್ಸಿ ಹಾಕುವುದಿಲ್ಲ ಎಂದಿದ್ದೆ. ಹಾಕಿಲ್ಲ. ಅತ್ತೆಯ ಮಾತು ಅರ್ಥವಾಗದಿದ್ದರೆ ಕೇಳುತ್ತೇನೆ ಎಂದಿದ್ದೆ. ದಿನಾ ಕೇಳುತ್ತಿದ್ದೇನೆ, ಅವರು ದಿನಾ ಹೇಳಿಕೊಡುತ್ತಿದ್ದಾರೆ. ಇವನು ನನಗೆ ಕೊಟ್ಟ ಮಾತುಗಳನ್ನೂ ನಡೆಸುತ್ತಿದ್ದಾನೆ. ನಾನು ಚೆನ್ನಾಗಿದ್ದೇನೆ.

ಈ ಅಂಗಳದಲ್ಲಿ ಕೂತ ಹಿರಿಯರಿಗೆ ನಾವಿಬ್ಬರೂ ಒಂದು ಮಾತು ಕೊಡುತ್ತೇವೆ. ನೀವು ಕರೆದಾಗ ಇಬ್ಬರೂ ಬರುತ್ತೇವೆ. ಒಬ್ಬರನ್ನು ಬಿಟ್ಟು ಒಬ್ಬರು ಬರುವುದಿಲ್ಲ.

ಅಪ್ಪಾ, ಅಮ್ಮಾ, ನಾನು ಅಕ್ಷರ ಕಲಿತದ್ದು ನಿಮ್ಮ ಕೈಯಲ್ಲಿ. ಇಪ್ಪತ್ತೇಳು ವರ್ಷ ನಿಮ್ಮ ಮಗಳಾಗಿ ಆ ಮನೆಯಲ್ಲಿ ಬೆಳೆದೆ. ನಾನು ನಿಮ್ಮ ಮಗಳಾಗಿದ್ದೆ ಅನ್ನುವುದೇ ನನಗೆ ಹೆಮ್ಮೆ.”

ಅತ್ತೆಗೆ ಮಲಯಾಳದಲ್ಲಿ ಎರಡು ಸಾಲು ಬೇರೆ ಬರೆದಿದ್ದೇನೆ. ಉಳಿದದ್ದನ್ನು ಅವನ ತಂಗಿ ಅರ್ಥ ಹೇಳುತ್ತಾಳೆ. ಕಾಗದವನ್ನು ಸೋದರಮಾವನ ಕೈಯಲ್ಲಿ ಅಪ್ಪನಿಗೆ ಕೊಟ್ಟು ಕಳುಹಿಸುತ್ತಿದ್ದೇನೆ.

ಪೈವಳಿಕೆ ಮಾಷ್ಟ್ರು · ನವೆಂಬರ್ 23

ಕಳುಹಿಸು.

ಬದಿಯಡ್ಕದವಳು · ಡಿಸೆಂಬರ್ 18

ಊಟ ಆಯಿತು. ಮಾವ ಅಂಗಳದ ಅಡಿಕೆಯನ್ನೆಲ್ಲ ಒಂದು ಬದಿಗೆ ಒಟ್ಟಿ ಚಪ್ಪರ ಹಾಕಿಸಿದ್ದರು. ಅತ್ತೆಯ ಕಡೆಯವರು ಎರಡು ವ್ಯಾನಿನಲ್ಲಿ ಚಟ್ಟಂಚಾಲ್, ಚಂದ್ರಗಿರಿ ಹೊಳೆಯ ತೆಕ್ಕಿಲ್ ಸೇತುವೆ, ಚೆರ್ಕಳ ದಾಟಿ ಬಂದರು. ಹಿಂದಿನ ಕಾಲದಲ್ಲಿ ಆ ಕಡೆಯ ಹೆಂಗಸರು ಚಂದ್ರಗಿರಿ ಹೊಳೆ ದಾಟಬಾರದು ಅಂತ ಕಟ್ಟು ಇತ್ತಂತೆ. ಅತ್ತೆ ನನ್ನ ಅಮ್ಮನ ಪಕ್ಕದಲ್ಲೇ ಕೂತರು. ಇಬ್ಬರೂ ತುಳುವಿನಲ್ಲಿ ಮಾತಾಡಿದರು! ಅತ್ತೆಗೆ ತುಳು ಬರುತ್ತದೆ ಅಂತ ನನಗೆ ಗೊತ್ತೇ ಇರಲಿಲ್ಲ.

ಅಪ್ಪ ಬಂದರು. ಬಿಳಿ ಪಂಚೆ, ಬಿಳಿ ಅಂಗಿ. ಹಿಂದಿನ ಸಾಲಿನಲ್ಲಿ ಕೂತರು. ನಾನು ಮೈಕ್ ಹತ್ತಿರ ಹೋದಾಗ ಎದ್ದು ಬಂದು ನನ್ನ ಕೈಗೆ ಮಡಚಿದ ಕಾಗದ ಕೊಟ್ಟು ಹೋದರು. ನಾನು ಕಳುಹಿಸಿದ ಪ್ರತಿಯೇ. ಎರಡು ಕಡೆ ಕೆಂಪು ಗುರುತು ಇತ್ತು. ಒಂದು ಕಡೆ ಒತ್ತಕ್ಷರ ಬಿಟ್ಟಿದ್ದೆ. ಇನ್ನೊಂದು ಕೊನೆಯ ಸಾಲಿನಲ್ಲಿ. “ಮಗಳಾಗಿದ್ದೆ” ಎಂಬುದರ “ದ್ದೆ” ಹೊಡೆದು ಮೇಲೆ “ದ್ದೇನೆ” ಅಂತ ಬರೆದಿದ್ದರು.

ಅವರು ತಿದ್ದಿದ ಹಾಗೆಯೇ ಓದಿದೆ.

ಪೆರ್ಲದ ಒಬ್ಬ ಅಪ್ಪ · ಡಿಸೆಂಬರ್ 18

ಅಳಿಯ ಎಲ್ಲಿ ಕೂತ?

ಬದಿಯಡ್ಕದವಳು · ಡಿಸೆಂಬರ್ 18

ಊಟಕ್ಕೆ ಅಪ್ಪನ ಪಕ್ಕದ ಎಲೆಯಲ್ಲಿ. ಮಾತು ಜಾಸ್ತಿ ಆಗಲಿಲ್ಲ. ಪಾಯಸ ಬಂದಾಗ ಅಪ್ಪ ಬಡಿಸುವವರಿಗೆ, “ಇಲ್ಲಿ ಇನ್ನೊಂದು ಸೌಟು ಹಾಕಿ” ಎಂದರು.

ಕುಂಬಳೆಯಿಂದ · ಡಿಸೆಂಬರ್ 20

ಎಲ್ಲ ಓದಿದೆ. ನಮ್ಮದು ಫೆಬ್ರವರಿಯಲ್ಲಿ, ಇದೇ ಕಾಯ್ದೆ. ಅವಳದು ಬ್ಯಾರಿ ಮುಸ್ಲಿಂ ಮನೆ. ಆ 12ನೇ ಸೆಕ್ಷನ್‌ನ ಪ್ರಿಂಟ್ ಯಾರಾದರೂ ಕಳುಹಿಸುತ್ತೀರಾ? ನಮಗೂ ಬೇಕಾಗಬಹುದು.

ಉಪ್ಪಳದ ವಕೀಲೆ · ಡಿಸೆಂಬರ್ 20

ಕಳುಹಿಸಿದ್ದೇನೆ, ನೋಡಿ. ನೋಟಿಸ್ ಕೊಟ್ಟಾಯಿತಾ? ಇಲ್ಲವಾದರೆ ಮೊದಲು ಅದು. ಒಬ್ಬರಾದರೂ ಆ ಜಿಲ್ಲೆಯಲ್ಲಿ 30 ದಿನ ವಾಸ ಇದ್ದಿರಬೇಕು, ಅದಕ್ಕೆ ದಾಖಲೆ ತೆಗೆದಿಡಿ.